ತಾಯಿಗಂಟು

"ಕೈ ಆಡಿಸೇ ಬೋಳಿ! ಸೂಜಿ ನಿಂತ್ರೆ ನಿನ್ ಚರ್ಮ ಸುಲ್ದು ದಾರ ಮಾಡ್ತೀನಿ!"

ಒಡೆಯನ ಹೊಸ್ತಿಲ ಮೇಲೆ ನಿಂತು ಮೇಸ್ತ್ರಿ ಗರ್ಮೂಕ ಕಿರುಚುತ್ತಿದ್ದ. ಅವನ ಹೊಟ್ಟೆ ಎಲ್ಲಿಗೆ ಹೋದರೂ ಅವನಿಗಿಂತ ಮೊದಲೇ ಹೋಗಿ ನಿಲ್ಲುತ್ತಿತ್ತು. ಆ ಹೊಟ್ಟೆಯ ನೆರಳಲ್ಲಿ ಮಂಡಿಯೂರಿ ಮುದುಕಿ ತೋರ್ವಿ ಹರಿದ ಕಾಲವನ್ನು ಹೊಲಿಯುತ್ತಿದ್ದಳು.

ಓಶೆ ಎಂಬ ಆ ಲೋಕ ಮುದಿಯಾಗಿತ್ತು. ಹಳೇ ಕಂಬಳಿಯ ಹಾಗೆ ಅಲ್ಲಿ ಕಾಲ ಪರ್ರನೆ ಹರಿಯುತ್ತಿತ್ತು. ಹರಕಿನೊಳಗೆ ಬಿದ್ದ ಕೋಳಿ ಮೊಟ್ಟೆಯಾಗಿ ಹೊರಗೆ ಉರುಳುತ್ತಿತ್ತು. ಹೊಲಿದೂ ಹೊಲಿದೂ ತೋರ್ವಿಯ ಬಲಗೈ ಸಾವಿರ ವರ್ಷದ ಮುದುಕಿಯದಾಗಿತ್ತು. ಎಡಗೈ ಹಾಲು ಕುಡಿಯುವ ಕೂಸಿನದು.

ಹರಕಿಗೆ ನಾರು ನಿಲ್ಲದು, ತಂತಿ ನಿಲ್ಲದು. ಹೆಂಗಸರ ಕೂದಲೇ ಬೇಕು. ಬದುಕಿದ ದಿನಗಳು ಕೂತಿರುವುದು ಅದರಲ್ಲೇ. ತುದಿಯಲ್ಲಿ ಹಳೆಯವು, ಬುಡದಲ್ಲಿ ಹೊಸವು. ಕತ್ತರಿಸಿದರೆ ಆ ದಿನಗಳೂ ಹೋದವು. ತೋರ್ವಿಯ ತಲೆ ಬೋಳಿಸಿದಾಗ ಗಂಡನ ಜೊತೆ ಬಾಳಿದ್ದೆಲ್ಲ ಹೋಯಿತು. ತಾನು ವಿಧವೆ ಅನ್ನುವುದನ್ನೂ ಪಕ್ಕದ ಗುಡಿಸಲಿನವರೇ ಹೇಳಬೇಕಾಯಿತು. ಮಗಳು ಇಲ್ನೆ ಅಷ್ಟೊತ್ತಿಗೆ ಹುಟ್ಟಿ ತನ್ನದೇ ಕೂದಲು ಬಿಟ್ಟಿದ್ದರಿಂದ ಉಳಿದುಕೊಂಡಳು.

ಹೊಲಿಗೆಯೆಲ್ಲ ಒಡೆಯನ ಮನೆಯ ಸುತ್ತ. ಹೊಲಿಯುವವರ ಕೇರಿಯಲ್ಲಿ ಗಂಜಿ ಒಲೆಗೇರುವ ಮೊದಲೇ ಹಳಸುತ್ತಿತ್ತು.

"ದಾರ ಮುಗೀತು ಸ್ವಾಮಿ," ಎಂದಳು ತೋರ್ವಿ.

ಒಳಗಿಂದ ಹಣ್ಣು ಚೀಪುತ್ತಾ ಒಡೆಯ ಬಂದ. ಬಂದವನು ಚಪ್ಪಲಿಕಾಲನ್ನು ಅವಳ ಬೋಳುತಲೆಯ ಮೇಲಿಟ್ಟು ಕೆಸರು ಒರೆಸಿಕೊಂಡ.

"ನಿನ್ ಮಗಳ ತಲೇಲಿ ಕಾಡೇ ಬೆಳ್ದೈತಂತಲ್ಲೇ. ಕರ್ಕೊಂಡ್ ಬಾರೋ ಗರ್ಮೂಕ."

ತೋರ್ವಿ ಅವನ ಕಾಲು ಹಿಡಿದುಕೊಂಡಳು. ಇಲ್ನೆ ತುಂಬು ಬಸುರಿ.

"ತುದಿ ತಕ್ಕಳ್ಳಿ ನನ್ನೊಡೆಯಾ. ಅವಳ ಚಿಕ್ಕಂದಿನ ದಿನ ಹೋದ್ರೆ ಹೋಗ್ಲಿ. ಬುಡ ಬಿಡಿ, ನಿಮ್ ಕಾಲಿಗ್ ಬೀಳ್ತೀನಿ. ಬುಡದಾಗೆ ಮಗ ಐತೆ."

"ಹಳಸಲು ಕೂದ್ಲು ನನ್ ಮನೆಗ್ಯಾಕೆ? ಬುಡದ್ದೇ ಗಟ್ಟಿ."

"ಸೂಬೆಗೇನಾಯ್ತು ನೋಡಿದ್ರಲ್ಲ ಸ್ವಾಮಿ!"

ಬಸುರಿ ಸೂಬೆಯ ತಲೆ ಬೋಳಿಸಿದ್ದೂ ಇದೇ ಅಂಗಳದಲ್ಲಿ. ಎಲ್ಲರ ಕಣ್ಣೆದುರೇ ಅವಳ ಹೊಟ್ಟೆ ಇಳಿದುಹೋಗಿತ್ತು. ಈಗಲೂ ಖಾಲಿ ತೊಟ್ಟಿಲು ತೂಗುತ್ತಾಳೆ. ಯಾರಿಗೆಂದು ಅವಳಿಗೇ ಗೊತ್ತಿಲ್ಲ.

"ಏನಾಯ್ತು? ತಿನ್ನೋ ಬಾಯಿ ಒಂದು ಕಮ್ಮಿ ಆಯ್ತು," ಎಂದು ಒಡೆಯ ಬೀಜ ಉಗಿದ.

ಗರ್ಮೂಕ ಇಲ್ನೆಯ ಜಡೆಯನ್ನು ಮುಷ್ಟಿಗೆ ಸುತ್ತಿಕೊಂಡು, ಹಗ್ಗ ಕಟ್ಟಿದ ಹಸುವನ್ನು ಎಳೆತರುವಂತೆ ಎಳೆದುಕೊಂಡು ಬಂದ. ಅವಳು ಎರಡೂ ಕೈಯಲ್ಲಿ ಹೊಟ್ಟೆ ಹಿಡಿದಿದ್ದಳು.

"ಅವ್ವಾ, ಇವನ್ಗೆ ಹೇಳವ್ವಾ... ಈಗ್ಲೇ ಒದೀತಾ ಐತೆ ಕಣವ್ವಾ..."

"ಮುಚ್ಚೇ ಬಾಯಿ, ಮುಂಡೇಮಗಳೆ!" ಗರ್ಮೂಕ ಜಡೆ ಬಿಡದೆ ಅವಳನ್ನು ಅಮ್ಮನ ಪಕ್ಕಕ್ಕೆ ತಳ್ಳಿ, ಇನ್ನೊಂದು ಕೈಯಲ್ಲಿ ಕತ್ತರಿ ಬಿಚ್ಚಿದ. "ಏ ಬೋಳಿ, ಗಂಟು ಮುಟ್ಟು. ಹೊತ್ತಾಯ್ತು."

ಆ ಮನೆಯ ಹೊಲಿಗೆಯೆಲ್ಲ ಹೊಸ್ತಿಲ ಕೆಳಗಿನ ಒಂದು ಗಂಟಿಗೆ ಬಂದು ಸೇರುತ್ತಿತ್ತು. ತೋರ್ವಿಯ ಅವ್ವ ತನ್ನ ಜಡೆಯಲ್ಲೇ ಹಾಕಿದ ತಾಯಿಗಂಟು. ಹೊಸ ಕೂದಲಿಗೆ ಕತ್ತರಿ ಹಾಕುವ ಮೊದಲು ಹೊಲಿಯುವವಳು ಅದನ್ನು ಕಣ್ಣಿಗೊತ್ತಿಕೊಳ್ಳಬೇಕು. ಒತ್ತಿಕೊಳ್ಳದೆ ಕತ್ತರಿಸಿದರೆ ದಾರ ನಿಲ್ಲದೆಂದು ಒಡೆಯನಿಗೂ ಹೆದರಿಕೆ.

ತೋರ್ವಿ ಬಗ್ಗಿದಳು. ಹರಕಿನೊಳಗಿಂದ ತಣ್ಣನೆ ಗಾಳಿ ಮುಖಕ್ಕೆ ಬಡಿಯಿತು. ಅದರಲ್ಲಿ ಯಾರೋ ಹೆಂಗಸು ಅಳುತ್ತಿದ್ದಳು. ಆ ದನಿ ತನ್ನದೇ. ಮುಂದೆ ಅಳಲಿರುವುದು. ಗಂಟನ್ನು ಎತ್ತಿ ಕಣ್ಣಿಗೊತ್ತಿಕೊಂಡಳು.

"ಆಯ್ತೇನೇ?"

"ಇರಪ್ಪಾ, ನಮ್ಮವ್ವಂದು. ಒಂದು ಮುತ್ತು ಕೊಡ್ತೀನಿ."

ಗರ್ಮೂಕ ಕಿಸಕ್ಕೆಂದು ನಕ್ಕ. ತೋರ್ವಿ ಗಂಟನ್ನು ಬಾಯಿಗಿಟ್ಟಳು. ಬಾಯಲ್ಲಿ ಉಳಿದಿದ್ದ ಹಲ್ಲುಗಳನ್ನೆಲ್ಲ ಒಟ್ಟುಗೂಡಿಸಿ ಕಚ್ಚಿ ಎಳೆದಳು.

ಗಂಟು ಬಿಚ್ಚಿತು. ಹೊಲಿಗೆ ಸರ್ರನೆ ಮನೆಯ ಸುತ್ತ ಓಡಿತು. ಹುತ್ತದ ಹಾವುಗಳೆಲ್ಲ ಹೊರಬಂದಂತೆ ಕೇರಿಯ ಹೆಂಗಸರ ಕೂದಲೆಲ್ಲ ನೆಲದಿಂದ ಎದ್ದು ಗಾಳಿಗೆ ಹಾರಿತು. ಒಡೆಯನ ಬಾಯಲ್ಲಿದ್ದ ಹಣ್ಣು ಹೂವಾಯಿತು. "ಅಮ್ಮಾ" ಎಂದು ಅವನು ಕೂಗಿದ್ದು ಹಸುಗೂಸಿನ ದನಿಯಲ್ಲಿ. ಮರುಗಳಿಗೆ ಅಲ್ಲಿ ಚಪ್ಪಲಿ ಮಾತ್ರ ಇತ್ತು.

"ಓಡೇ ಮಗಾ!"

ಬೆಪ್ಪಾಗಿ ನಿಂತಿದ್ದ ಗರ್ಮೂಕನ ಸಡಿಲ ಮುಷ್ಟಿಯಿಂದ ಜಡೆ ಬಿಡಿಸಿಕೊಂಡು, ತೋರ್ವಿ ಮಗಳನ್ನು ದರದರನೆ ಕೇರಿಯತ್ತ ಎಳೆದಳು. ಹಿಂದೆ ಅಂಗಳ ಬಿರಿಯುವ ಸದ್ದು. ಹರಕು ಅವರ ಹಿಂದೆಯೇ ಬರುತ್ತಿತ್ತು. ಕಲ್ಲುದಾರಿ ಒಂದೊಂದೇ ಮೊಳ ಒಳಕ್ಕೆ ಸರಿಯುತ್ತಿತ್ತು.

ಗುಡಿಸಲಿನ ಗೋಡೆಗೆ ಒರಗಿ ಇಲ್ನೆ ಕುಸಿದಳು. ಜಡೆ ಬುಡದವರೆಗೂ ಹಾಗೇ ಇತ್ತು. ಮುಖ ಮಾತ್ರ ಬೂದಿಯಂತಾಗಿತ್ತು.

"ಒದೀತಾ ಐತೇನೇ?"

ಇಲ್ನೆ ಹೊಟ್ಟೆಯನ್ನು ಅಲ್ಲಲ್ಲಿ ಒತ್ತಿ ನೋಡಿಕೊಂಡಳು.

"ಇಲ್ನೆ, ಹೇಳೇ. ಒದೀತಾ ಐತಾ?"

"ಗೊತ್ತಾಗ್ತಿಲ್ಲವ್ವಾ..."

ತೋರ್ವಿ ತನ್ನ ಮುದಿ ಕೈಯನ್ನೂ ಕೂಸಿನ ಕೈಯನ್ನೂ ಮಗಳ ಹೊಟ್ಟೆಯ ಮೇಲಿಟ್ಟು ಉಸಿರು ಬಿಗಿಹಿಡಿದಳು. ಸೂಬೆಯ ತೊಟ್ಟಿಲು ಕಿರ್ರೆನ್ನುವುದು ಕೇಳುತ್ತಿತ್ತು. ಅದರಾಚೆ, ಒಡೆಯನ ಮನೆಯಿದ್ದ ಕಡೆಯಿಂದ, ಹರಕಿನೊಳಗೆ ಸಿಕ್ಕಿಬಿದ್ದ ಗರ್ಮೂಕನ ದನಿ.

"ಕೈ ಆಡಿಸೇ ಬೋಳಿ!"

ಮತ್ತೆ ಅದೇ. "ಕೈ ಆಡಿಸೇ ಬೋಳಿ!" ಮತ್ತೆ.

ತೋರ್ವಿ ಕೈ ಆಡಿಸಲಿಲ್ಲ. ಹೊಟ್ಟೆಯ ಮೇಲೆ ಹಾಗೇ ಇಟ್ಟುಕೊಂಡು ಕಾದಳು.