ಒಂದಕ್ಕೆ ನಾಲ್ಕು

ಶುಕ್ರವಾರ ಮಧ್ಯಾಹ್ನ ಕುಸ್ಕುಸ್ ಊಟ ಮುಗಿದ ಮೇಲೆ ದೊರ್ರಾ ತಮ್ಮನ ಫೋನಿಗೆ ಕಂಪ್ಯೂಟರಿನ ವೈರು ಸಿಕ್ಕಿಸಿಕೊಂಡು ಕೂರುವುದು ಆ ಮನೆಯಲ್ಲಿ ರೂಢಿಯಾಗಿಹೋಗಿತ್ತು. "ಫೋನಿಗೂ ಶುಕ್ರವಾರದ ಸ್ನಾನ" ಎಂದು ತಾಯಿ ಮೊಂಜಿಯಾ ಅಣಕಿಸುತ್ತಿದ್ದಳು. ಮಗಳು ಅದರಲ್ಲೇನು ಮಾಡುತ್ತಾಳೆ ಅನ್ನುವುದು ಅವಳಿಗೆ ತಿಳಿಯದು. ಮಾಡದಿದ್ದರೆ ಮಗ ಮುಖ ಊದಿಸಿಕೊಳ್ಳುತ್ತಾನೆ ಎನ್ನುವುದಷ್ಟೇ ಗೊತ್ತು.

ಮಗ ಸ್ಕಂದರನಿಗೆ ಆಗ ಇಪ್ಪತ್ತೊಂದು. ಸ್ನಾಯುಗಳು ಸವೆಯುತ್ತಾ ಹೋಗುವ ಕಾಯಿಲೆ ಚಿಕ್ಕಂದಿನಲ್ಲೇ ಹಿಡಿದಿತ್ತು. ಮೊದಲು ಕಾಲು ಹೋಯಿತು, ಗಾಲಿಕುರ್ಚಿ ಬಂತು. ಆಮೇಲೆ ತೋಳು ಮೇಲೇಳದಾಯಿತು. ಉಳಿದದ್ದು ಬೆರಳು ಮತ್ತು ಬಾಯಿ. ಬಾಯಂತೂ ಬಿಜೆರ್ತೆಯ ಹಳೇ ಬಂದರಿನಲ್ಲಿ ಮೀನು ಮಾರುವವರನ್ನು ನಾಚಿಸುವಂಥದು. ಇಡೀ ದಿನ ಕಿಟಕಿ ಪಕ್ಕ ಕೂತು, ಓಣಿಯಲ್ಲಿ ಹೋಗಿಬರುವವರ ಕಾಲೆಳೆಯುತ್ತಿದ್ದ. ಅವರೂ ನಿಂತು ಬೈಸಿಕೊಂಡು, ನಕ್ಕು ಮುಂದೆ ಹೋಗುತ್ತಿದ್ದರು.

ಶಾಲೆಯ ಹಳೇ ಗೆಳೆಯರ ಜೊತೆ ಅವನಿಗಿದ್ದ ಬಂಧವೆಂದರೆ ಫೋನಿನಲ್ಲಿ ಆಡುವ ಒಂದು ಫುಟ್‌ಬಾಲ್ ಆಟ. ಪರದೆಯ ಮೇಲೆ ಚೆಂಡು, ಎದುರಿಗೆ ಗೋಡೆಯಂತೆ ನಿಂತ ಆಟಗಾರರು, ಅದರಾಚೆ ಗೋಲು. ಹೆಬ್ಬೆರಳಿನಿಂದ ಎಷ್ಟುದ್ದ ಗೀರಿದರೆ ಚೆಂಡು ಅಷ್ಟು ಜೋರಾಗಿ ಹೋಗುತ್ತದೆ. ಬಾಗಿಸಿ ಗೀರಿದರೆ ಬಾಗುತ್ತದೆ. ಗೆಳೆಯರೆಲ್ಲ ಸಂಜೆ ಕಾಫಿ ಅಂಗಡಿಯಲ್ಲಿ ಕೂತು ಆಡುತ್ತಿದ್ದರು, ಇವನು ಮನೆಯಲ್ಲಿ ಕೂತು. ಆಟದಲ್ಲಿ ಮಾತ್ರ ಯಾರ ಕಾಲೂ ಯಾರಿಗಿಂತ ಕಮ್ಮಿಯಿರಲಿಲ್ಲ.

ಆಟದೊಳಗೆ ಊರ ತಂಡದ ಹಳದಿ-ಕಪ್ಪು ಅಂಗಿ ಇಲ್ಲವೆಂದು ಅವನು ಗೊಣಗಿದಾಗಲೇ ದೊರ್ರಾ ಈ ಕೆಲಸಕ್ಕೆ ಕೈಹಾಕಿದ್ದು. ಹೋಟೆಲುಗಳಿಗೆ ವೆಬ್‌ಸೈಟ್ ಮಾಡಿಕೊಟ್ಟು ಮನೆ ನಡೆಸುತ್ತಿದ್ದ ಅವಳಿಗೆ ಇದು ತೀರಾ ಹೊಸದಾಗಿರಲಿಲ್ಲ. ಆದರೆ ಆ ಫೋನು, ತನ್ನದೇ ಅಂಗಡಿಯಿಂದ ಬಂದದ್ದನ್ನಲ್ಲದೆ ಬೇರೇನನ್ನೂ ಒಳಗೆ ಬಿಟ್ಟುಕೊಳ್ಳದ ಜಾತಿಯದು. ಅದರ ಬೀಗವನ್ನೇ ಒಡೆದುಬಿಡು, ಆಮೇಲೆ ಏನು ಬೇಕಾದರೂ ತುಂಬಬಹುದು ಎಂದ ದೊಡ್ಡಪ್ಪನ ಮಗ ವಜ್ದಿ. ದೊರ್ರಾ ಒಪ್ಪಲಿಲ್ಲ. ಸ್ಕಂದರ್ ಅಮ್ಮನನ್ನು ಕರೆಯುವುದು, ದೀಪ ಹಾಕಿಸಿಕೊಳ್ಳುವುದು, ಓದುವುದು ಎಲ್ಲ ಅದೇ ಫೋನಿನಿಂದ. ಒಡೆಯಲು ಹೋಗಿ ಅದು ಸತ್ತರೆ ಅವನ ಕೈಯೇ ಹೋದಂತೆ.

ಬೀಗ ಮುಟ್ಟದೆ ಮಾಡುವ ದಾರಿಯೊಂದಿತ್ತು. ಆಟದ ಒಂದು ಪ್ರತಿಯನ್ನು ಕಂಪ್ಯೂಟರಿನಲ್ಲಿ ಬಿಚ್ಚಿ, ಬೇಕಾದ್ದನ್ನು ತಿದ್ದಿ, ಮತ್ತೆ ಕಟ್ಟಿ, ತನ್ನ ಹೆಸರಿನ ಸಹಿ ಹಾಕಿ ಒಳಗೆ ಕಳಿಸುವುದು. ಮಾಲೀಕರೇ ಏನೋ ಮಾಡಿ ಪರೀಕ್ಷೆಗೆ ಇಟ್ಟಿದ್ದಾರೆಂದು ಫೋನು ಸುಮ್ಮನಿರುತ್ತದೆ. ಆದರೆ ಪುಕ್ಕಟೆ ಸಹಿಯ ಆಯಸ್ಸು ಒಂದೇ ವಾರ. ಆಮೇಲೆ ಆಟ ತೆರೆಯುವುದಿಲ್ಲ, ಮತ್ತೆ ವೈರು ಸಿಕ್ಕಿಸಿ ಸಹಿ ಹಾಕಬೇಕು. ಶುಕ್ರವಾರದ ಸ್ನಾನ ಅಂದರೆ ಇದೇ.

ಹಳದಿ-ಕಪ್ಪು ಅಂಗಿ ಬಂತು. ಪರದೆಯ ಮೇಲೆ ಒತ್ತುವ ಗುಂಡಿಗಳು ದೊಡ್ಡವಾದವು. ಸ್ಕಂದರ್ ವಾರಪೂರ್ತಿ ಅದನ್ನು ಎಲ್ಲರಿಗೂ ತೋರಿಸಿದ.

ರಂಜಾನ್ ಮುಗಿದ ಮೇಲೆ ಅವನು ಸೋಲತೊಡಗಿದ. ಚೆಂಡು ಗೋಡೆ ದಾಟುತ್ತಿರಲಿಲ್ಲ. ಫೋನು ಬಿಸಿಯಾಗಿದೆ, ಪರದೆ ಜಿಡ್ಡಾಗಿದೆ ಎಂದೆಲ್ಲ ನೆಪ ಹೇಳಿದ. ಕೊನೆಗೆ ನೆಪ ಹೇಳುವುದನ್ನೂ ಬಿಟ್ಟ. ಓಣಿಯಲ್ಲಿ ಹೋಗುವವರನ್ನು ರೇಗಿಸುವುದೂ ನಿಂತಿತು. ಬಂದರಿನ ಮುದುಕ ಮೀನುಗಾರನೊಬ್ಬ ಕಿಟಕಿಯ ಹತ್ತಿರ ನಿಂತು, ಇವತ್ತು ನನಗೆ ಬೈಗುಳ ಇಲ್ಲವೇನಯ್ಯಾ ಎಂದು ಕೇಳಿ, ಉತ್ತರ ಸಿಗದೆ ಹೋದ.

ಆ ಶುಕ್ರವಾರ ದೊರ್ರಾ ಆಟವನ್ನು ಬಿಚ್ಚಿದಾಗ, ಬೆರಳು ಗೀರಿದ ಉದ್ದವನ್ನು ಲೆಕ್ಕ ಹಿಡಿಯುವ ಜಾಗ ಕಣ್ಣಿಗೆ ಬಿತ್ತು. ಅಲ್ಲಿ ಒಂದು ಎಂದಿದ್ದದ್ದನ್ನು ಒಂದೂಕಾಲು ಮಾಡಿದಳು. ಇನ್ನು ಅವನು ಗೀರಿದ್ದನ್ನು ಆಟ ಕಾಲುಭಾಗ ಹೆಚ್ಚೆಂದು ಎಣಿಸುತ್ತದೆ. ಯಾರಿಗೂ ಹೇಳಲಿಲ್ಲ.

ಸಂಜೆ ಅವನು ಗೆದ್ದ. ಮರುದಿನವೂ ಗೆದ್ದ. ಮೊಂಜಿಯಾ ದಿನಾ ಬೆಳಿಗ್ಗೆ ಆಲಿವ್ ಎಣ್ಣೆ ಬೆಚ್ಚಗೆ ಮಾಡಿ ಅವನ ಕೈಬೆರಳು ತಿಕ್ಕುತ್ತಿದ್ದಳು. ಅವನು ತಾಯಿಗೆ, "ಉಮ್ಮಿ, ನಿನ್ನ ಕೈಯಲ್ಲಿ ಏನೋ ಇದೆ ಕಣೇ. ಬೆರಳಿಗೆ ಬಲ ಬರ್ತಿದೆ," ಎಂದ. ಮೊಂಜಿಯಾ ಎಣ್ಣೆಗೈಯಲ್ಲೇ ಕಣ್ಣೊರೆಸಿಕೊಂಡಳು. ಊರಿಂದ ಹೊಸ ಎಣ್ಣೆ ತರಿಸಿದಳು, ದಿನಕ್ಕೆ ಎರಡು ಸಲ ತಿಕ್ಕತೊಡಗಿದಳು. ನೆರೆಮನೆಯವರಿಗೆಲ್ಲ ಹೇಳಿದಳು.

ಆಮೇಲೆ ನಿಜ ಹೇಳುವುದಾದರೂ ಹೇಗೆ? ಬೆರಳು ಗೀರುವ ಉದ್ದ ಕಮ್ಮಿಯಾಗುತ್ತಲೇ ಇತ್ತು. ದೊರ್ರಾ ಪಕ್ಕದಲ್ಲಿ ಕೂತು ನೋಡುತ್ತಿದ್ದಳು. ಶುಕ್ರವಾರ ಬಂದಾಗ ಸಂಖ್ಯೆಯನ್ನು ಅಷ್ಟಕ್ಕೆ ಏರಿಸುತ್ತಿದ್ದಳು. ಒಂದೂವರೆ, ಎರಡು, ಎರಡೂವರೆ. ಪ್ರತಿಸಲವೂ, ಇದೊಂದು ವಾರ ಅವನು ನಗಲಿ, ಮುಂದಿನ ವಾರ ನಿಜ ಹೇಳಿದರಾಯಿತು ಅಂದುಕೊಳ್ಳುತ್ತಿದ್ದಳು.

ಬೇಸಿಗೆಯಲ್ಲಿ ಆಸ್ಪತ್ರೆಗೆ ಹೋದರು. ಡಾಕ್ಟರ್ ಬುಸೈನಾ ಅವನನ್ನು ಬಾಲ್ಯದಿಂದ ನೋಡುತ್ತಿದ್ದ ಹೆಂಗಸು. ಕೊಳವೆಯಲ್ಲಿ ಊದಿಸಿದಳು, ಕೈಯಿಂದ ಉಪಕರಣವೊಂದನ್ನು ಹಿಚುಕಿಸಿದಳು. ಉಸಿರಿನ ಬಲ ತೀರಾ ಇಳಿದಿದೆ, ಮಲಗುವಾಗ ಮುಖಕ್ಕೆ ಮಾಸ್ಕ್ ಹಾಕಿ ಗಾಳಿ ಊದುವ ಯಂತ್ರ ಇಡಲೇಬೇಕು ಎಂದಳು. ಸ್ಕಂದರ್ ಬೇಡವೆಂದು ತಲೆಯಾಡಿಸಿದ. ತನ್ನ ಕೈ ಸರಿಹೋಗುತ್ತಿದೆ, ಕೈ ಸರಿಹೋದ ಮೇಲೆ ಎದೆಯೂ ಸರಿಹೋಗುತ್ತದೆ, ಚಳಿಗಾಲದವರೆಗೆ ನೋಡೋಣ ಎಂದ. ಕೈಯ ಬಲವೂ ಹೋದ ಸಲಕ್ಕಿಂತ ಕಡಿಮೆಯಿದೆ ಎಂದು ಡಾಕ್ಟರ್ ತೋರಿಸಿದಾಗ, ಉಪಕರಣ ಹಳೇದಾಗಿರಬೇಕೆಂದು ತಮಾಷೆ ಮಾಡಿದ. ಪಕ್ಕದಿಂದ ಮೊಂಜಿಯಾ ಎಣ್ಣೆಯ ಕಥೆ ಶುರುಮಾಡಿದಳು.

ಡಾಕ್ಟರ್ ಇಬ್ಬರನ್ನೂ ಬಿಟ್ಟು ದೊರ್ರಾಳ ಕಡೆ ತಿರುಗಿದಳು. "ಮನೇಲಿ ಇಡೀ ದಿನ ಜೊತೆಗಿರೋಳು ನೀನು. ನೀನು ಹೇಳಮ್ಮ, ನಿನಗೇನು ಕಾಣ್ಸುತ್ತೆ?"

ತಮ್ಮ ಅವಳ ಮುಖವನ್ನೇ ನೋಡುತ್ತಿದ್ದ. ತಾಯಿಯೂ ನೋಡುತ್ತಿದ್ದಳು.

"ಅವನಿಷ್ಟ," ಎಂದಳು ದೊರ್ರಾ.

ಯಂತ್ರವಿಲ್ಲದೆ ಮನೆಗೆ ಬಂದರು.

ಶರತ್ಕಾಲದಲ್ಲಿ ಕೆಲಸದ ತರಬೇತಿಗೆಂದು ದೊರ್ರಾ ರಾಜಧಾನಿ ತೂನಿಸ್‌ಗೆ ಹೋದಳು. ಶುಕ್ರವಾರಕ್ಕೆ ಮುಂಚೆ ಬರುವುದೆಂದಿತ್ತು. ತರಬೇತಿ ಮುಂದಿನ ವಾರಕ್ಕೂ ಎಳೆಯಿತು. ಸಹಿಯ ಗಡುವು ಮುಗಿದು ಆಟ ತೆರೆಯದಾಯಿತು. ಗೆಳೆಯರ ಪಂದ್ಯಾವಳಿಯ ಕೊನೆಯ ಸುತ್ತು ಬೇರೆ. ಸ್ಕಂದರ್ ವಜ್ದಿಯನ್ನು ಕರೆಸಿ, ಅಂಗಿ ಹೋದರೆ ಹೋಗಲಿ, ಫೋನಿನ ಅಂಗಡಿಯ ತಿದ್ದದ ಆಟವನ್ನೇ ಹಾಕಿಕೊಡು ಎಂದ. ವಜ್ದಿ ಹಾಕಿಕೊಟ್ಟ.

ದೊರ್ರಾ ಮನೆಗೆ ಬಂದಾಗ ಅವನು ಕಿಟಕಿಯ ಕಡೆ ಮುಖಮಾಡಿ ಕೂತಿದ್ದ. ಅವಳು ತಂದ ಮಕ್ರೂದ್ ಮಿಠಾಯಿಯ ಪೊಟ್ಟಣದತ್ತ ನೋಡಲಿಲ್ಲ. ತಾಯಿ ಬ್ರೆಡ್ಡು ತರಲು ಹೋಗುವವರೆಗೆ ಕಾದ.

"ವಜ್ದಿ ಅಂಗಡೀದು ಹಾಕಿಕೊಟ್ಟ. ನಾನು ಒದ್ದೆ. ಚೆಂಡು ಉರುಳಿ ಅರ್ಧ ದಾರೀಲೇ ನಿಂತ್ಕೊಂತು. ಆಟಾನೇ ಕೆಟ್ಟಿದೆ ಅಂದ್ಕೊಂಡು ವಜ್ದಿಗೆ ಒದೆಯೋಕೆ ಹೇಳ್ದೆ. ಅವನು ಒದ್ದದ್ದು ಗೋಲು ದಾಟಿ ಹೋಯ್ತು." ಸ್ವಲ್ಪ ಉಸಿರೆಳೆದುಕೊಂಡ. "ಎಷ್ಟು ಮಾಡಿಟ್ಟಿದ್ದೆ?"

"ಏನನ್ನ?"

"ದೊರ್ರಾ, ಬಲ ಇಲ್ದೇ ಇರೋದು ಕೈಗೆ. ತಲೆಗಲ್ಲ."

ಅವಳು ಪೊಟ್ಟಣವನ್ನು ಮೇಜಿನ ಮೇಲಿಟ್ಟಳು. "ನಾಲ್ಕು. ಒಂದಕ್ಕೆ ನಾಲ್ಕು."

"ಮೊದಲ ಸಲ?"

"ಒಂದೂಕಾಲು."

ಅವನು ತನ್ನ ಹೆಬ್ಬೆರಳನ್ನು ನೋಡಿದ. "ಅಂದ್ರೆ ನನ್ನ ಕೈ ಎಷ್ಟು ಹೋಗ್ತಿದೆ ಅಂತ ವಾರವಾರ ಅಳೀತಿದ್ದೆ. ನಿನಗೊಬ್ಬಳಿಗೇ ಸರಿಯಾದ ಲೆಕ್ಕ ಗೊತ್ತಿತ್ತು."

"ನೀನು ಖುಷಿಯಾಗಿದ್ದೆ ಕಣೋ."

"ಇದ್ದೆ. ಸುಳ್ಳು ಹೇಳಲ್ಲ, ತುಂಬಾ ಖುಷಿಯಾಗಿದ್ದೆ." ದನಿ ಏರಿಸಲಿಲ್ಲ. ಏರಿಸಿದ್ದರೆ ಅವಳಿಗೆ ಸಮಾಧಾನವಾಗುತ್ತಿತ್ತು. "ಮಾಸ್ಕ್ ಬೇಡ ಅಂದಾಗಲಾದ್ರೂ ಹೇಳಬಹುದಿತ್ತಲ್ಲೇ."

ಮೆಟ್ಟಿಲ ಮೇಲೆ ತಾಯಿಯ ಹೆಜ್ಜೆ ಕೇಳಿಸಿತು. ಉಮ್ಮಿಗೆ ಗೊತ್ತಾಗಕೂಡದು ಎಂದಷ್ಟೇ ಹೇಳಿ ಅವನು ಕಿಟಕಿಯತ್ತ ತಿರುಗಿದ.

ಕೆಲವು ದಿನ ಅಕ್ಕನ ಜೊತೆ ಮಾತಾಡಲಿಲ್ಲ. ಗೆಳೆಯರಿಗೆ ಮಾತ್ರ ಎಲ್ಲವನ್ನೂ ತಾನೇ ಹೇಳಿ, ಗೆದ್ದ ಪಂದ್ಯಗಳನ್ನು ಅಳಿಸಿಬಿಡಿ ಎಂದ. ಅವರು ಒಪ್ಪಲಿಲ್ಲ, ಅಕ್ಕ ಏನು ತಿದ್ದಿದ್ದರೂ ಗುರಿ ನಿನ್ನದೇ ಅಲ್ಲವೇನೋ, ಹಾಗೇ ಆಡು ಎಂದರು. ಅವನು ಮತ್ತೆ ಆಡಲಿಲ್ಲ. ಒಂದು ಬೆಳಿಗ್ಗೆ ದೊರ್ರಾಳನ್ನು ಕರೆದು, ಡಾಕ್ಟರಿಗೆ ಫೋನ್ ಮಾಡು, ಆ ಯಂತ್ರ ಹಾಕಿಸಿಕೊಳ್ಳುತ್ತೇನೆ ಎಂದ. ತಾಯಿ ಗಾಬರಿಯಾಗಿ ಯಾಕೆ ಎಂದು ಕೇಳಿದ್ದಕ್ಕೆ, ಡಾಕ್ಟರ ಕಾಟ ತಡೆಯಲಾರೆ ಎಂದ. ಯಂತ್ರ ಮನೆಗೆ ಬಂತು. ತಾಯಿ ಎಣ್ಣೆ ತಂದರೆ ಮೊದಲಿನಂತೆಯೇ ಕೈ ಕೊಡುತ್ತಿದ್ದ. ಹಾಯಾಗಿದೆ ಎನ್ನುತ್ತಿದ್ದ.

ಚಳಿಗಾಲದ ಮಳೆ ಹಿಡಿದಾಗ ಎದೆಗೆ ಕಫ ಕಟ್ಟಿತು. ಕೆಮ್ಮುವುದಕ್ಕೂ ಬಲವಿರಲಿಲ್ಲ. ಆಸ್ಪತ್ರೆಯಲ್ಲಿ ದೊರ್ರಾ ಅವನ ಪಕ್ಕದಲ್ಲೇ ಇದ್ದಳು. ಮಾಸ್ಕಿನೊಳಗಿನಿಂದ ಅವನು ಏನೋ ಹೇಳಿದ. ಅರ್ಥವಾಗದೆ ಬಗ್ಗಿದಳು. "ನಿನ್ನ ಮುಖ ಒಣಗಿದ ಮೀನಿನ ಥರ ಇದೆ," ಎಂದ. ಅವಳು ನಕ್ಕಳು. ಅವನಿಗೆ ಬೇಕಾಗಿದ್ದದ್ದೂ ಅದೇ. ಮರುದಿನ ಬೆಳಿಗ್ಗೆ ಹೋಗಿಬಿಟ್ಟ.

ಬೇಸಿಗೆಯಲ್ಲೇ ಯಂತ್ರ ಇಟ್ಟಿದ್ದರೆ ಉಳಿಯುತ್ತಿದ್ದನೇ ಎಂದು ದೊರ್ರಾ ಡಾಕ್ಟರ್ ಬುಸೈನಾಳನ್ನು ಕೇಳಿದಳು. ಇನ್ನಷ್ಟು ಕಾಲ ಸಿಗುತ್ತಿತ್ತೇನೋ, ಖಂಡಿತ ಎಂದು ಹೇಳಲಾರೆ ಎಂದಳು ಡಾಕ್ಟರ್. ಆ "ಏನೋ" ದೊರ್ರಾಳ ಜೊತೆ ಮನೆಗೆ ಬಂತು.

ನಲವತ್ತನೆಯ ದಿನದ ಪ್ರಾರ್ಥನೆಗೆ ಬಂದವರಲ್ಲಿ ಕಾಲುವೆಯಾಚೆಯ ಝರ್ಝೂನಾದ ಹೆಂಗಸೊಬ್ಬಳಿದ್ದಳು, ಸಾದಿಯಾ ಅಂತ. ಅವಳ ಬೆಳೆದ ಮಗನಿಗೂ ಇದೇ ಕಾಯಿಲೆ. ಅವನಿಗೂ ಮಾಸ್ಕ್ ಬೇಕೆಂದು ಹೇಳಿದ್ದಾರೆ, ಏನು ಮಾಡಲಿ ಎಂದು ಮೊಂಜಿಯಾಳನ್ನು ಕೇಳಿದಳು. ತಟ್ಟೆ ಜೋಡಿಸುತ್ತಿದ್ದ ದೊರ್ರಾಳ ಕಿವಿಗೆ ತಾಯಿಯ ಮಾತು ಬಿತ್ತು.

"ಬೇಡ ತಂಗಿ. ನನ್ನ ಮಗನ ಕೈ ಸರಿಹೋಗ್ತಾ ಇತ್ತು, ಊರಿಗೇ ಗೊತ್ತು. ಆ ಮಾಸ್ಕ್ ಹಾಕಿದ್ಮೇಲೇ ಅವನು ಹೋಗಿದ್ದು. ನಿನ್ನ ಕೈಯಾರೆ ಎಣ್ಣೆ ತಿಕ್ಕು." ಒಳಗಿಂದ ಒಂದು ಸೀಸೆ ತಂದು ಕೊಟ್ಟಳು. ಸಾದಿಯಾ ಅದನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಹೋದಳು.

ಎಲ್ಲರೂ ಹೋದ ಮೇಲೆ ದೊರ್ರಾ ಅಡುಗೆಮನೆಗೆ ಬಂದು ಬಾಗಿಲು ಮುಂದೆ ಮಾಡಿದಳು. ಉಮ್ಮಿಗೆ ಗೊತ್ತಾಗಕೂಡದು ಎಂದು ತಮ್ಮ ಹೇಳಿದ್ದು ನೆನಪಿತ್ತು. ಆದರೂ ಹೇಳಿದಳು: ಬೆರಳು, ಸಂಖ್ಯೆ, ಪ್ರತಿ ಶುಕ್ರವಾರ, ಡಾಕ್ಟರ ಮುಂದೆ ತಾನು ಬಾಯಿ ಮುಚ್ಚಿಕೊಂಡಿದ್ದು. ಮೊಂಜಿಯಾ ಪಾತ್ರೆ ತೊಳೆಯುವುದನ್ನು ನಿಲ್ಲಿಸದೆ ಕೇಳಿಸಿಕೊಂಡಳು. ನಲ್ಲಿ ಹರಿಯುತ್ತಲೇ ಇತ್ತು.

"ಅವನಿಗೆ ಗೊತ್ತಾಗಿತ್ತಾ?" ಎಂದು ಕೇಳಿದಳು ಕೊನೆಗೆ.

"ಶರತ್ಕಾಲದಲ್ಲಿ ಗೊತ್ತಾಯ್ತು."

"ಆಮೇಲೂ ನನ್ನ ಕೈಗೆ ಕೈ ಕೊಡ್ತಿದ್ದ."

"ಹೂಂ, ಉಮ್ಮಿ."

ಮೊಂಜಿಯಾ ಒದ್ದೆ ಕೈಯಲ್ಲೇ ನೆಲದ ಮೇಲೆ ಕೂತುಬಿಟ್ಟಳು. ಮಗ ಸತ್ತ ದಿನವೂ ಹಾಗೆ ಕೂತಿರಲಿಲ್ಲ. ದೊರ್ರಾ ಹತ್ತಿರ ಹೋದರೆ, ಮುಟ್ಟಬೇಡ ಎಂಬಂತೆ ಕೈ ಅಡ್ಡ ಹಿಡಿದಳು.

ಆಮೇಲಿನ ದಿನಗಳಲ್ಲಿ ಇಬ್ಬರ ನಡುವೆ ಊಟಕ್ಕೆ ಬಾ, ಬಟ್ಟೆ ಒಣಗಿದೆ ಅನ್ನುವಷ್ಟೇ ಮಾತು. ದೊರ್ರಾ ತಾನೇ ಝರ್ಝೂನಾಗೆ ಹೋಗಿ ಹೇಳಿಬರುವುದೆಂದು ಚಪ್ಪಲಿ ಮೆಟ್ಟಿಕೊಂಡಾಗ, ಮೊಂಜಿಯಾ ಬಿಳಿ ಸಫ್ಸಾರಿ ಮುಸುಕು ಹೊದ್ದು ಬಾಗಿಲಲ್ಲಿ ನಿಂತಿದ್ದಳು. ನಾಲಿಗೆ ನನ್ನದು, ನಾನೇ ಹೇಳಬೇಕು ಎಂದಳು.

ಸಾದಿಯಾಳ ಮನೆಯಲ್ಲಿ ಮೊಂಜಿಯಾ ಕಾಫಿ ಮುಟ್ಟಲಿಲ್ಲ. ನಾನು ತಪ್ಪು ಹೇಳಿದೆ, ಎಣ್ಣೆಯಿಂದ ಏನೂ ಆಗಿರಲಿಲ್ಲ, ಬಲ ಬರುತ್ತಿದೆಯೆಂದು ನಮಗೆ ಹಾಗೆ ಕಂಡಿತ್ತು, ಅಷ್ಟೇ ಎಂದಳು. ಹೇಗೆ ಕಂಡಿತು, ಯಾರಿಂದ ಎಂದು ಬಿಡಿಸಿ ಹೇಳಲಿಲ್ಲ. ದೊರ್ರಾಳ ಕಡೆ ನೋಡಲೂ ಇಲ್ಲ. "ಮಾಸ್ಕ್ ಹಾಕಿಸು. ನಾವು ತಡಮಾಡಿದ್ವಿ. ನೀನು ಮಾಡಬೇಡ," ಎಂದು ಸಾದಿಯಾಳ ಮಗನ ತಲೆ ಸವರಿ ಎದ್ದಳು. ಸಾದಿಯಾ ಅಳುತ್ತಾ, ಮಾರನೆಯ ದಿನವೇ ಆಸ್ಪತ್ರೆಗೆ ಹೋಗುತ್ತೇನೆಂದು ಮಾತು ಕೊಟ್ಟಳು. ಹೋದಳು ಕೂಡ.

ವಾಪಸು ಬರುವಾಗ ಬಸ್ಸು ಖಾಲಿಯಿತ್ತು. ಮೊಂಜಿಯಾ ಮಗಳ ಪಕ್ಕ ಕೂರದೆ ಮುಂದಿನ ಸೀಟಿನಲ್ಲಿ ಕೂತಳು. ಸೇತುವೆ ದಾಟುವವರೆಗೂ ಅವಳ ಭುಜ ಅಲುಗುತ್ತಿದ್ದುದು ಹಿಂದಿನಿಂದ ದೊರ್ರಾಳಿಗೆ ಕಾಣುತ್ತಿತ್ತು. ಬಂದರಿನ ಹತ್ತಿರ ತಾಯಿ ಮೊದಲು ಇಳಿದಳು, ನಾಲ್ಕು ಹೆಜ್ಜೆ ಹೋದಳು. ಆಮೇಲೆ ಹಿಂತಿರುಗಿ ನೋಡದೆ, ದೊರ್ರಾ ಬಂದು ಸೇರುವವರೆಗೆ ಅಲ್ಲೇ ನಿಂತಳು.