ಕಪಾಟಿನಲ್ಲಿದ್ದ ಗಾರ್ಡು

ಪೂವಪ್ಪನ ಎರಡು ಬೆರಳು ಹೋಗಿ ಇಪ್ಪತ್ತು ದಿನವಾಗಿತ್ತು. ಅವು ಹೋದ ಮೇಜಿನೆದುರೇ ಈಗ ವಿರುಪಾಕ್ಷಪ್ಪ ನಿಲ್ಲುತ್ತಿದ್ದ.

ವಾಗ್ಳೆ ಕೈಗಾರಿಕಾ ಎಸ್ಟೇಟಿನ ಆ ತಗಡಿನ ಶೆಡ್ಡಿನಲ್ಲಿ ಟೀವಿಯ ಮರದ ಪೆಟ್ಟಿಗೆಗಳ ಕೆಲಸ. ಮನೆಮನೆಗೆ ಟೀವಿ ಬರುತ್ತಿದ್ದ ವರ್ಷಗಳು. ಎಷ್ಟು ಮಾಡಿದರೂ ಸಾಲದು. ಕೈಯಲ್ಲಿ ಹಿಡಿದು ಓಡಿಸುವ, ಮರ ಕೊರೆಯುವ ರೌಟರ್ ಯಂತ್ರವನ್ನು ಮೇಜಿನಡಿ ತಲೆಕೆಳಗಾಗಿ ಬಿಗಿದಿದ್ದರು. ತೂತಿನಿಂದ ಅದರ ಹಲ್ಲು ಮೇಲೆದ್ದು ಗಿರ್ರೆಂದು ತಿರುಗುತ್ತಿತ್ತು. ಗೇಣುದ್ದದ ಪಟ್ಟಿಗಳನ್ನು ಬಲದಿಂದ ಎಡಕ್ಕೇ ತಳ್ಳಬೇಕು. ದಣಿದ ಹೊತ್ತಿನಲ್ಲಿ ಉಲ್ಟಾ ಕೊಟ್ಟರೆ ಪಟ್ಟಿಯನ್ನು ಕಸಿದುಕೊಂಡು, ಹಿಂದಿದ್ದ ಕೈಯನ್ನೂ ಎಳೆದುಕೊಳ್ಳುತ್ತಿತ್ತು.

ಹಲ್ಲು ಮುಚ್ಚುವ ಗಾರ್ಡೊಂದಿತ್ತು. ಪೂವಪ್ಪನೇ ಸಾಗುವಾನಿಯಲ್ಲಿ ಮಾಡಿದ್ದು. ಗಾರ್ಡಿದ್ದರೆ ಕೆಲಸ ನಿಧಾನವೆಂದು ಮಾಲೀಕ ಲೀಲಾಧರ ಸೇಠರು ಅದನ್ನು ಕಪಾಟಿನಲ್ಲಿಟ್ಟು ಬೀಗ ಹಾಕಿದ್ದರು. ಫ್ಯಾಕ್ಟರಿ ಇನ್ಸ್‌ಪೆಕ್ಟರ್ ಬರುವ ದಿನ ಮಾತ್ರ ಅದು ಹೊರಗೆ, ಹಬ್ಬದ ಬೆಳ್ಳಿ ತಟ್ಟೆಯ ಹಾಗೆ.

"ವಿರುಪಾಕ್ಷ, ಮಧ್ಯಾಹ್ನ ಸಾಹೇಬ್ರು ಬರ್ತಾರೆ. ಈ ಗಾರ್ಡು ಹಾಕು ಮಾರಾಯ," ಎಂದರು ಸೇಠರು ಆ ಬೆಳಿಗ್ಗೆ. "ಸಂಜೆ ತೆಗ್ದು ಕೊಡು."

"ಪೂವಪ್ಪ ಕಾಕಾಗ ಏನ್ ಮಾಡಿದ್ರಿ, ಸೇಠ್ರ?"

"ಅವನಿಗೆ ಎಂತದ್ದು? ತಪ್ಪು ತನ್ನದೇ ಅಂತ ಕಾಗದಕ್ಕೆ ಸಹಿ ಹಾಕಿದ್ದಾನಲ್ಲ!"

ಮೂವತ್ತು ವರ್ಷ ಬಡಗಿಯಾಗಿದ್ದ ಪೂವಪ್ಪ ಈಗ ಮೂಲೆಯಲ್ಲಿ ಮರದ ಹೊಟ್ಟು ಗುಡಿಸುತ್ತಿದ್ದ. ತಲೆ ಎತ್ತಲಿಲ್ಲ.

ಸೇಠರು ಒಳಗೆ ಹೋದ ಮೇಲೆ ವಿರುಪಾಕ್ಷಪ್ಪ ಮೊದಲು ಪ್ಲಗ್ ಕಿತ್ತು ಕಣ್ಣೆದುರಿಗೇ ಇಟ್ಟುಕೊಂಡ. ಗಾರ್ಡು ಕೂರಿಸುವ ಮುನ್ನ ಅಂಟಿನ ಡಬ್ಬಿ ತೆಗೆದ.

ಪೂವಪ್ಪ ಹತ್ತಿರ ಬಂದ. "ಅಂಟು ಎಂತಕ್ಕಾ? ಕೆಲಸ ಹೋಗ್ತದೆ ನಿಂಗೆ. ಮನೆಯಲ್ಲಿ ಹೆಂಡ್ತಿ ಬಸುರಿ."

"ಕೆಲಸ ಹೋದ್ರ ಡೊಂಬಿವಲ್ಯಾಗ ಹುಡುಕ್ತೀನಿ ಕಾಕಾ. ಬೆರಳ ಹೋದ್ರ ಎಲ್ಲಿ ಹುಡುಕ್ಲಿ?"

ವಿರುಪಾಕ್ಷಪ್ಪ ಅಂಟು ಬಳಿದು ಗಾರ್ಡು ಕೂರಿಸಿ ಸ್ಕ್ರೂ ಬಿಗಿದ. ಪೂವಪ್ಪ ಅರ ತಗೊಂಡು, ಆ ಸ್ಕ್ರೂಗಳ ತಲೆಯ ಗೀರನ್ನು ಉಳಿದ ಮೂರು ಬೆರಳಲ್ಲೇ ಉಜ್ಜಿ ಸವೆಸಿಬಿಟ್ಟ.

ಸಾಹೇಬರು ಬಂದರು. ಮೋಸಂಬಿ ರಸ ಕುಡಿದರು. ಗಾರ್ಡು ನೋಡಿ "ಛಾನ್!" ಎಂದು ಮರಾಠಿಯಲ್ಲಿ ಹೊಗಳಿದರು. ಗುಡಿಸುವವನ ಕೈ ಮಾತ್ರ ಅವರಿಗೆ ಕಾಣಲಿಲ್ಲ.

ಜೀಪು ಗೇಟು ದಾಟುವಷ್ಟರಲ್ಲಿ ಸೇಠರು ಮೇಜಿನ ಬಳಿ ಬಂದರು. ಗಾರ್ಡು ಎಳೆದರು. ಅಲುಗಲಿಲ್ಲ. ಸ್ಕ್ರೂಡ್ರೈವರ್ ಜಾರಿತು.

"ಯಾರದ್ದಾ ಈ ಕೆಲಸ? ಒಂದು ಉಳಿ ಕೊಡಿ ಇಲ್ಲಿ!"

ಶೆಡ್ಡಿನಲ್ಲಿ ಹನ್ನೊಂದು ಮಂದಿ ಬಡಗಿಗಳು. ಎಲ್ಲರ ಹತ್ತಿರವೂ ಉಳಿ. ಒಬ್ಬನೂ ಕೊಡಲಿಲ್ಲ.

"ವಿರುಪಾಕ್ಷ, ನಾಳೆಯಿಂದ ನೀನು ಬರುದು ಬೇಡ!"

"ಹಂಗಾರ ನಾವೂ ಬರಂಗಿಲ್ರಿ," ಎಂದ ಕಿಟಕಿ ಬಳಿಯಿದ್ದ ಶಿವರಾಯ, ಉಳಿಯನ್ನು ಚೀಲಕ್ಕೆ ಹಾಕುತ್ತ.

ಪೂವಪ್ಪ ಪೊರಕೆ ಬಿಸಾಕಿ ಮುಂದೆ ಬಂದ.

"ಸೇಠ್ರೇ, ಆ ಕಾಗದ ನೀವೇ ಇಟ್ಕೊಳ್ಳಿ. ನಾಳೆ ಸಾಹೇಬ್ರ ಆಫೀಸಿಗೆ ನಾನು ಈ ಕೈ ತಗೊಂಡು ಹೋಗ್ತೇನೆ."