ವಾಸಿಯಾಗುತ್ತಿರುವ ಹೆಬ್ಬೆರಳು

ಚೀಟಿ ಕಿಟಕಿಯ ಕಿಂಡಿಯೊಳಗೆ ಮೊದಲು ಬರುತ್ತಿದ್ದದ್ದು ಹೆಬ್ಬೆರಳು. ಬಿಳಿ ಪಟ್ಟಿ ಸುತ್ತಿದ್ದ, ಊದಿಕೊಂಡ ಬಲಗೈ ಹೆಬ್ಬೆರಳು. ಚೀಟಿಯನ್ನು ತಿರುಮಳಪ್ಪನವರು ಬೇರೆ ಎರಡು ಬೆರಳುಗಳ ಸಂದಿಯಲ್ಲಿ ಸಿಕ್ಕಿಸಿಕೊಂಡು ಚಾಚುತ್ತಿದ್ದರು. ನಾನು ಚೀಟಿ ಎಳೆದುಕೊಳ್ಳುತ್ತಿದ್ದೆ. ಬೆರಳನ್ನು ನೋಡುವುದು ನನ್ನ ಕೆಲಸವಾಗಿರಲಿಲ್ಲ.

ತಿರುಮಳಪ್ಪನವರು ನಮ್ಮ ಆಸ್ಪತ್ರೆಯ ಕ್ಷೌರಿಕರು. ಆಪರೇಷನ್ನಿಗೆ ಮುಂಚೆ ರೋಗಿಗಳ ಮೈಮೇಲಿನ ಕೂದಲು ತೆಗೆಯುವುದು ಅವರ ಕೆಲಸ. ಇಪ್ಪತ್ತೆರಡು ವರ್ಷದಲ್ಲಿ ಒಬ್ಬರ ಚರ್ಮಕ್ಕೂ ಅವರ ಕತ್ತಿಯಿಂದ ಗೀರು ಬಿದ್ದಿರಲಿಲ್ಲ. ನನ್ನ ತಂದೆಯ ವಯಸ್ಸಿನವರು. ಆದರೂ ಆಸ್ಪತ್ರೆಯಲ್ಲಿ ಎಲ್ಲರೂ ಅವರನ್ನು ಏಕವಚನದಲ್ಲೇ ಕರೆಯುತ್ತಿದ್ದರು, ನಾನೂ ಕರೆಯುತ್ತಿದ್ದೆ. ನೆನೆಸಿಕೊಂಡರೆ ಮೈ ಉರಿಯುತ್ತದೆ. ಒಂದು ದಿನ ಸ್ಟ್ರೆಚರಿನಿಂದ ಜಾರುತ್ತಿದ್ದ ರೋಗಿಯನ್ನು ಹಿಡಿಯಹೋಗಿ ಅವರ ಹೆಬ್ಬೆರಳು ತಿರುಚಿಕೊಂಡಿತು. ಮೂಳೆ ಡಾಕ್ಟರು ಎಕ್ಸ್‌ರೇ ನೋಡಿ, ಮುರಿದಿಲ್ಲ, ಬರೀ ಉಳುಕು ಎಂದು ಬರೆದು ಪಟ್ಟಿ ಕಟ್ಟಿಸಿದರು. ವಾಸಿಯಾಗುವವರೆಗೆ ರಜೆ ಕೊಟ್ಟು, ವಾರಕ್ಕೊಮ್ಮೆ ಬಂದು ತೋರಿಸಲು ಹೇಳಿದರು.

ನಾನು ದಾಖಲೆ ವಿಭಾಗದ ಗುಮಾಸ್ತ. ಒಂದೊಂದು ಕಾಯಿಲೆಗೂ ಒಂದೊಂದು ಸಂಕೇತ. ಹೆಬ್ಬೆರಳಿನ ಉಳುಕಿಗೂ ಒಂದಿತ್ತು. ಅದರ ಕೊನೆಗೊಂದು ಅಕ್ಷರ. ಮೊದಲ ಸಲ ಬಂದವರಿಗೆ ಒಂದಾದರೆ, ಮರುಭೇಟಿಗೆ ಬಂದವರಿಗೆ ಇನ್ನೊಂದು. ಮರುಭೇಟಿಯ ಅಕ್ಷರಕ್ಕೆ ನಮ್ಮ ಕೈಪಿಡಿ ಕೊಟ್ಟಿದ್ದ ಅರ್ಥ 'ವಾಸಿಯಾಗುತ್ತಿರುವ ಹಂತ'. ನ್ಯಾಯವಾಗಿ ನೋಡಿದರೆ ಡಾಕ್ಟರು ಪರೀಕ್ಷಿಸಿ ಬರೆದ ಮೇಲೆ ಸಂಕೇತ ಹಾಕಬೇಕು. ನಮ್ಮಲ್ಲಿ ಮಾತ್ರ ಮರುಭೇಟಿಯವರಿಗೆ ಕಿಟಕಿಯಲ್ಲೇ ಸಂಕೇತ ಹಾಕಿ, ಪಕ್ಕದಲ್ಲಿ ಅದರ ಅರ್ಥವನ್ನೂ ಬರೆದು ಒಳಗೆ ಕಳಿಸುತ್ತಿದ್ದೆವು. ಡಾಕ್ಟರು ಅದನ್ನು ಓದಿ ಸಹಿ ಹಾಕುತ್ತಿದ್ದರು. ಸರದಿಯ ಸಾಲು ಬೇಗ ಕರಗುತ್ತಿತ್ತು.

"ಸಾಮಿ, ಇದು ಕೂಡ್ಕಂತಿಲ್ಲ," ಎಂದರು ತಿರುಮಳಪ್ಪನವರು ಎರಡನೆಯ ವಾರ, ಎರಡನೆಯ ಮರುಭೇಟಿಗೆ ಬಂದಾಗ. "ಕತ್ತಿ ಹಿಡುದ್ರೆ ನಿಲ್ಲಲ್ಲ. ಬೆರಳು ಆಚೆಗೆ ಹೋಗ್ತೈತೆ."

"ಒಳಗೆ ಡಾಕ್ಟರಿಗೆ ಹೇಳು."

"ಅವ್ರು ಚೀಟಿ ನೋಡಿ, ವಾಸಿಯಾಗ್ತಾ ಐತಲ್ಲಪ್ಪ ಅಂತಾರೆ. ಬೆರಳು ನೋಡಲ್ಲ."

"ಮತ್ತೆ ಇನ್ನೇನು? ಆಗ್ತಿದೆ ಅಂತಲೇ ತಾನೆ? ಮುಂದಿನವರು ಬನ್ನಿ!"

ಮೂರನೆಯ ವಾರವೂ ಅದೇ ಬೆರಳು ಬಂತು, ಅದೇ ಅಕ್ಷರ ಬರೆದೆ. ನಾಲ್ಕನೆಯ ವಾರ, ಐದನೆಯ ವಾರ. ಅವರು ಹೇಳುವುದನ್ನು ನಿಲ್ಲಿಸಿದ್ದರು. ಅದನ್ನೂ ನಾನು ಗುಣವಾದ ಲಕ್ಷಣವೆಂದೇ ತಿಳಿದೆ.

ಆರನೆಯ ವಾರ ಆಸ್ಪತ್ರೆಯ ಮುಖ್ಯಸ್ಥರಾದ ದೊಡ್ಡ ಸಾಹೇಬರು ರಜೆ ಮುಗಿಸಿ ಕೆಲಸಕ್ಕೆ ಹಾಜರಾಗುವಂತೆ ಆಜ್ಞೆ ಮಾಡಿದರು. ತಿರುಮಳಪ್ಪನವರು ಒಪ್ಪಲಿಲ್ಲ. ವಿಚಾರಣೆ ನಡೆಯಿತು. ದಾಖಲೆ ಹಿಡಿದು ನಾನು ಹೋಗಬೇಕಾಯಿತು. ಓದು ಎಂದರು, ಓದಿದೆ. ವಾಸಿಯಾಗುತ್ತಿರುವ ಹಂತ, ಐದು ಸಲ. ಐದೂ ನನ್ನದೇ ಅಕ್ಷರ.

"ಕೇಳಿದೆಯೇನೋ?" ಎಂದರು ಸಾಹೇಬರು. "ಐದು ವಾರ ವಾಸಿಯಾದ ಬೆರಳು ಈಗ ಕೈಕೊಟ್ಟಿತಾ? ಕೂತು ಸಂಬಳ ತಿನ್ನೋ ಕಳ್ಳಾಟ ಇದು."

"ಈ ಬೆರಳಿಟ್ಕಂಡು ಒಬ್ರ ಕುತ್ತಿಗೆ ಮ್ಯಾಲೆ ಕತ್ತಿ ಇಡಲ್ಲ ಬುದ್ದಿ," ಎಂದರು ತಿರುಮಳಪ್ಪನವರು. "ಐದು ವಾರದಾಗೆ ಇದನ್ನ ಒಬ್ರಾದ್ರೂ ಮುಟ್ಟಿ ನೋಡವ್ರಾ, ಕೇಳಿ."

ಸಾಹೇಬರು ಮೂಳೆ ಡಾಕ್ಟರ ಕಡೆ ತಿರುಗಿದರು. ದಾಖಲೆ ಸರಿಯಾಗಿದೆಯಲ್ಲವೇ ಎಂದು ಕೇಳಿದ್ದಕ್ಕೆ ಆ ಮಹಾಶಯ ಕೋಲೆ ಬಸವನ ಹಾಗೆ ತಲೆಯಾಡಿಸಿದ. ಬೆರಳು ಮೇಜಿನಾಚೆ, ಮೂರಡಿ ದೂರದಲ್ಲಿತ್ತು. ಎದ್ದು ಬಂದು ಮುಟ್ಟಲು ಅವನಿಗೇನು ರೋಗವಾಗಿತ್ತು? ಅವನನ್ನು ಅಂದೇ ಮನಸಾರೆ ಬೈದುಕೊಂಡೆ, ಇವತ್ತಿಗೂ ಬೈಯುತ್ತೇನೆ. ಆದರೆ ಅಲ್ಲಿ 'ನಾನು ನೋಡದೆ ಬರೆದೆ' ಎಂಬ ಒಂದು ಮಾತು ಸಾಕಿತ್ತು. ನಾನು ದಾಖಲೆ ಮುಚ್ಚಿ ಕಂಕುಳಲ್ಲಿ ಇಟ್ಟುಕೊಂಡೆ. ಅಂದು ಸಂಜೆಯೇ ತಿರುಮಳಪ್ಪನವರನ್ನು ಕೆಲಸದಿಂದ ತೆಗೆದರು.

ಇಷ್ಟು ಹೊತ್ತೂ 'ನಮ್ಮಲ್ಲಿ' ಎನ್ನುತ್ತಾ ಜಾರಿಕೊಂಡೆ. ಸಂಕೇತ ಮೊದಲು, ಡಾಕ್ಟರು ಆಮೇಲೆ ಎಂಬ ಆ ಘನವಾದ ಉಪಾಯ ನನ್ನದು. ಸಾಲು ಕರಗಿಸಿದೆನೆಂದು ಅದಕ್ಕಾಗಿಯೇ ನನಗೆ ಶಾಲು ಹೊದಿಸಿದ್ದರು. ಬಾಯಿ ಬಿಟ್ಟಿದ್ದರೆ ಆ ಶಾಲು ಹೋಗುತ್ತಿತ್ತು, ಕುರ್ಚಿಯೂ ಹೋಗುತ್ತಿತ್ತು. ಸಿಟ್ಟು ಯಾರ ಮೇಲೆ ಎಂದು ಯಾರಾದರೂ ಕೇಳಿದರೆ ಸಾಹೇಬರ ಹೆಸರು ಎರಡನೆಯದು, ಡಾಕ್ಟರದು ಮೂರನೆಯದು.

ತಿಂಗಳಾದ ಮೇಲೆ ಧೈರ್ಯ ಮಾಡಿ ಅವರ ಮನೆಗೆ ಹೋದೆ. ಜಗಲಿಯ ಮೇಲೆ ಕೂತಿದ್ದರು. ಬೈಯುತ್ತಾರೆಂದುಕೊಂಡಿದ್ದೆ, ಬೈದಿದ್ದರೆ ಚೆನ್ನಾಗಿತ್ತು.

"ಬೇರೆ ಊರ ಡಾಕ್ಟ್ರಿಗೆ ತೋರ್ಸಿದೆ ಸಾಮಿ. ಕೀಲಿನ ನಾರು ಬೆರಳು ತಿರುಚ್ಕಂಡ ದಿನಾನೇ ಹರಿದೋಗೈತಂತೆ. ಎರಡು ಮೂರು ವಾರದಾಗೆ ಬಂದಿದ್ರೆ ಹೊಲಿತಿದ್ದೆ, ಈಗ ಮೊದ್ಲಿನಂಗೆ ಆಗಲ್ಲ ಅಂದ್ರು."

"ಅದು ನಾನು ಮಾಡಿದ್ದು. ನೀವು ಎರಡನೇ ವಾರವೇ ಹೇಳಿದ್ದಿರಿ."

ಅವರು ಕೈ ಚಾಚಿದರು. ಪಟ್ಟಿ ಇರಲಿಲ್ಲ. "ಹಿಡ್ಕಳಿ," ಎಂದರು.

ಹೆಬ್ಬೆರಳನ್ನು ಹಿಡಿದು ಮೆಲ್ಲಗೆ ಒತ್ತಿದೆ. ಯಾವ ತಡೆಯೂ ಇಲ್ಲದೆ ಅದು ಹೊರಕ್ಕೆ ವಾಲಿತು. ನೋಡಲು, ಒತ್ತಲು, ತಿಳಿಯಲು ಅರ್ಧ ನಿಮಿಷವೂ ಬೇಕಾಗಲಿಲ್ಲ.

"ಈಗ ಬರೀರಿ ಸಾಮಿ," ಎಂದರು.

ಬೆರಳನ್ನು ಅದರ ಜಾಗಕ್ಕೆ ತಂದು ಹಿಡಿದುಕೊಂಡೆ. ಒಳಗಿನಿಂದ ಅವರ ಹೆಂಡತಿ ಊಟಕ್ಕೆ ಕರೆದರು. ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಕರೆದರು. ಕೈ ಬಿಟ್ಟರೆ ಬೆರಳು ವಾಲುತ್ತಿತ್ತು, ಅದಕ್ಕೆ ಹಾಗೆಯೇ ಹಿಡಿದುಕೊಂಡು ಕೂತಿದ್ದೆ.